ಇಪ್ಪತ್ತೆರಡು ಕಿಲೋ ಕೊಲೆ

ಸ್ಟುಟ್‌ಗಾರ್ಟಿನಲ್ಲಿ ಮೂರು ತಿಂಗಳು ಇದ್ದು ಬಂದೆ ಎಂದಾಗ ಧಾರವಾಡದಲ್ಲಿ ಎಲ್ಲರೂ ಕೇಳಿದ್ದು ಕಾರಿನ ಕಾರ್ಖಾನೆಗಳ ಬಗ್ಗೆ. ಅವನ್ನು ನಾನು ಟ್ರಾಮಿನ ಕಿಟಕಿಯಿಂದ ನೋಡಿದೆ. ಬಹಳ ಉದ್ದವಾಗಿದ್ದವು, ಅದಕ್ಕಿಂತ ಹೆಚ್ಚು ಹೇಳಲಾರೆ. ನಾನು ಒಳಹೊಕ್ಕು ನೋಡಿದ ಕಾರ್ಖಾನೆ ಬೇರೆ. ಅದು ನಮ್ಮ ಕೆಳಗಿನ ಮನೆಯಲ್ಲಿ, ಅಡುಗೆಮನೆಗೆ ಹೊಂದಿಕೊಂಡ ಕೋಣೆಯಲ್ಲಿತ್ತು. ಅಲ್ಲಿ ಒಬ್ಬ ಹೆಂಗಸು ಟೀವಿಗಾಗಿ ಕೊಲೆಗಳನ್ನು ತಯಾರಿಸುತ್ತಿದ್ದರು. ಅವುಗಳಲ್ಲೊಂದಕ್ಕೆ ನನ್ನ ಕೈಯೂ ತಾಗಿದೆ. ಅತ್ತೆಯವರಿಗೆ ಇದನ್ನು ಇನ್ನೂ ಹೇಳಿಲ್ಲ.

ನಮ್ಮ ವಾರ

ನಮ್ಮ ಮನೆಯವರು ಜರ್ಮನಿಯವರು ಕಂಪ್ಯೂಟರಿನವರಿಗೆಂದು ಕೊಡುತ್ತಿದ್ದ ಗ್ರೀನ್ ಕಾರ್ಡ್ ಸಿಕ್ಕವರ ಪೈಕಿ. ಕಾರಿನ ಬಿಡಿಭಾಗ ಮಾಡುವ ಒಂದು ಕಂಪನಿಗೆ ಸಾಫ್ಟ್‌ವೇರ್ ಬರೆಯುತ್ತ ಒಂದು ವರ್ಷ ಒಬ್ಬರೇ ಇದ್ದು, ಬ್ರೆಡ್ಡಿಗೆ ಉಪ್ಪಿನಕಾಯಿ ಸವರಿಕೊಂಡು ತಿಂದು, ಕೊನೆಗೆ ಬೇಸಿಗೆಗೆ ನನ್ನನ್ನು ಕರೆಸಿಕೊಂಡರು. ಊರು ಪೂರ್ತಿ ಗುಡ್ಡ. ನಮ್ಮದು ಗುಡ್ಡದ ನಡುವಿನ ಕಟ್ಟಡ, ಮೂರನೆಯ ಮಹಡಿ. ಕಟ್ಟಡದ ಬಾಗಿಲಿನ ಎದುರಿನಿಂದಲೇ ಕಲ್ಲಿನ ಮೆಟ್ಟಿಲುಗಳು ಕೆಳಗಿನ ಟ್ರಾಮ್ ನಿಲ್ದಾಣದವರೆಗೆ ಇಳಿಯುತ್ತಿದ್ದವು. ಒಟ್ಟು ನೂರಾ ಮೂವತ್ತು. ಎಣಿಸಿದ್ದೇನೆ, ಮನೆಯಲ್ಲಿ ಒಬ್ಬರೇ ಇದ್ದರೆ ಮನುಷ್ಯರು ಏನೆಲ್ಲ ಎಣಿಸುತ್ತಾರೆ!

ಬಂದ ಎರಡನೆಯ ಸೋಮವಾರ ನಮ್ಮ ಬಾಗಿಲ ಹಿಡಿಕೆಗೆ ಒಂದು ಮರದ ಹಲಗೆ ತೂಗುಹಾಕಿತ್ತು. ಯಾರೋ ಹಬ್ಬದ ಶುಭಾಶಯ ಕಟ್ಟಿ ಹೋಗಿದ್ದಾರೆಂದು ಖುಷಿಯಿಂದ ಒಳಗೆ ತಂದು ದೇವರ ಮುಂದೆ ಇಟ್ಟೆ. ಸಂಜೆ ಇವರು ಅದನ್ನು ನೋಡಿ ತಲೆ ಹಿಡಿದುಕೊಂಡರು. ಅದು ಕೆಹರ್‌ವೋಖೆ ಹಲಗೆಯಂತೆ, ಅಂದರೆ ಗುಡಿಸುವ ವಾರದ್ದು. ಅದು ಯಾರ ಬಾಗಿಲಿಗೆ ಬಂತೋ ಅವರು ಆ ವಾರ ಇಡೀ ಕಟ್ಟಡದ ಮೆಟ್ಟಿಲು ಗುಡಿಸಿ ಒರೆಸಬೇಕು. ಡಾಕ್ಟರಿರಲಿ, ಪ್ರೊಫೆಸರಿರಲಿ, ತಪ್ಪಿಸುವಂತಿಲ್ಲ. "ಇಷ್ಟ ದಿನಾ ನೀವ ಮಾಡ್ತಿದ್ರೇನ್ರೀ?" ಎಂದು ಕೇಳಿದೆ. ಅವರು ಟೀವಿಯ ಕಡೆ ತಿರುಗಿದರು. ಧಾರವಾಡದಲ್ಲಿ ತಮ್ಮ ತಟ್ಟೆಯನ್ನೂ ಎತ್ತದ ಮನುಷ್ಯ ವರ್ಷವಿಡೀ ಜರ್ಮನರ ಮೆಟ್ಟಿಲು ಒರೆಸಿದ್ದರು. ಅದನ್ನು ಮಾತ್ರ ಮನೆಗೆ ಯಾವ ಪತ್ರದಲ್ಲೂ ಬರೆದಿರಲಿಲ್ಲ.

ಮರುದಿನ ಸೀರೆ ಎತ್ತಿ ಸಿಕ್ಕಿಸಿ, ಕುಕ್ಕರಗಾಲಲ್ಲಿ ಕೂತು, ಹಿಂದೆ ಹಿಂದೆ ಸರಿಯುತ್ತ ಒದ್ದೆ ಬಟ್ಟೆಯಿಂದ ಒರೆಸಲು ಶುರುಮಾಡಿದೆ. ಎರಡನೆಯ ಮಹಡಿಗೆ ಇಳಿದಾಗ ಬೆನ್ನ ಹಿಂದೆ ಬಾಗಿಲು ತೆರೆಯಿತು. ಬಿಳಿ ಕೂದಲನ್ನು ಗಂಡಸರಂತೆ ಕತ್ತರಿಸಿದ್ದ, ಕನ್ನಡಕಕ್ಕೆ ದಾರ ಕಟ್ಟಿ ಕೊರಳಿಗೆ ಹಾಕಿಕೊಂಡಿದ್ದ ಎತ್ತರದ ಹೆಂಗಸು ನಿಂತಿದ್ದರು. ಬೈಯುತ್ತಾರೆಂದುಕೊಂಡೆ. ಅವರು ಇಂಗ್ಲಿಷಿನಲ್ಲಿ, ಇನ್ನೊಮ್ಮೆ ಮೇಲಿನ ಮೆಟ್ಟಿಲಿನಿಂದ ಮಾಡಿ ತೋರಿಸುತ್ತೀರಾ ಎಂದು ಕೇಳಿದರು. ತೋರಿಸಿದೆ. ಅವರು ಜೇಬಿನಿಂದ ಪುಟ್ಟ ಪುಸ್ತಕ ತೆಗೆದು ಏನೋ ಬರೆದುಕೊಂಡರು. ಸೊಂಟ ನೋಯುವುದು ಮೊದಲೋ ಮಂಡಿಯೋ ಎಂದು ವಿಚಾರಿಸಿ, ಅದನ್ನೂ ಬರೆದುಕೊಂಡು, ಬಾಗಿಲು ಹಾಕಿಕೊಂಡರು.

ಕೆಳಗಿನ ಮನೆ

ಅವರ ಹೆಸರು ಫ್ರಾವ್ ಫೋಗ್ಟ್; ಫ್ರಾವ್ ಎಂದರೆ ಶ್ರೀಮತಿ. ಕಾನ್ವೆಂಟಿನ ಅಭ್ಯಾಸಕ್ಕೆ ಬಿದ್ದು ಮೊದಲ ದಿನ "ಆಂಟಿ" ಎಂದೆ. ನಿಮ್ಮ ತಂದೆಯೂ ನಾನೂ ಒಂದೇ ಹೊಟ್ಟೆಯಲ್ಲಿ ಹುಟ್ಟಿದವರಲ್ಲವಲ್ಲ ಎಂದು ಶಾಂತವಾಗಿ ಹೇಳಿದರು. ಅಂದಿನಿಂದ ಅವರು ಫ್ರಾವ್ ಫೋಗ್ಟ್, ನಾನು ಫ್ರಾವ್ ಕುಲಕರ್ಣಿ. ದಿನಾ ನಾಲ್ಕಕ್ಕೆ ಸರಿಯಾಗಿ ಕಾಫಿಗೆ ಕರೆಯುವಷ್ಟು ಸ್ನೇಹವಾದ ಮೇಲೂ ಅದೇ. ನಾಲ್ಕಕ್ಕೆ ಎಂದರೆ ನಾಲ್ಕು. ಒಮ್ಮೆ ಐದು ನಿಮಿಷ ಮೊದಲೇ ಹೋದೆ. ಬಾಗಿಲು ತೆರೆದು, ಗಡಿಯಾರ ನೋಡಿ, ಬನ್ನಿ ಎಂದು ಹಜಾರದಲ್ಲಿ ಕೂರಿಸಿ ಒಳಗೆ ಹೋದರು. ಐದು ನಿಮಿಷದ ನಂತರ ಬಂದು ಕೈಕುಲುಕಿ ಸ್ವಾಗತಿಸಿದರು.

ಅವರ ಕಥೆಯನ್ನು ನಾನು ತುಣುಕು ತುಣುಕಾಗಿ ಕೇಳಿದೆ. ಯುದ್ಧ ಮುಗಿದ ಮೇಲೆ ಬೆಳೆದ ಹುಡುಗಿ. ಇಂಗ್ಲಿಷು ಕಲಿತದ್ದು ಊರಿನಲ್ಲಿ ಬೀಡುಬಿಟ್ಟಿದ್ದ ಅಮೆರಿಕದ ಸೈನಿಕರಿಂದ. ಇಪ್ಪತ್ತಕ್ಕೆ ಒಂದು ಸಿನಿಮಾ ಕಂಪನಿಯಲ್ಲಿ ಟೈಪಿಸ್ಟ್. ಗಂಡಸರು ಕೈಬರಹದಲ್ಲಿ ಕೊಟ್ಟ ಚಿತ್ರಕಥೆಗಳನ್ನು ಟೈಪು ಮಾಡುವುದು ಕೆಲಸ. ಆ ಚಿತ್ರಕಥೆಗಳಲ್ಲಿ ಹೆಂಗಸರು ಬಾಗಿಲಿಗೆ ಒರಗಿ ನಿಟ್ಟುಸಿರು ಬಿಡುವುದನ್ನು ಬಿಟ್ಟು ಬೇರೇನೂ ಮಾಡುತ್ತಿರಲಿಲ್ಲವಂತೆ. ಫ್ರಾವ್ ಫೋಗ್ಟ್ ಯಾರಿಗೂ ಹೇಳದೆ ಟೈಪು ಮಾಡುವಾಗ ಆ ಹೆಂಗಸರ ಬಾಯಿಗೆ ಒಂದೊಂದು ಮಾತು ಹಾಕತೊಡಗಿದರು. ಒಂದು ವರ್ಷ ಯಾರೂ ಗಮನಿಸಲಿಲ್ಲ. ಆಮೇಲೆ ಒಬ್ಬ ನಟಿ, ಈ ಕಂಪನಿಯ ಕಥೆಗಳಲ್ಲಿ ಮಾತ್ರ ತನಗೆ ಒಳ್ಳೆಯ ಮಾತು ಸಿಗುತ್ತದೆ ಎಂದಾಗ ಗುಟ್ಟು ರಟ್ಟಾಯಿತು. ಕೆಲಸ ಹೋಯಿತು, ಆ ನಟಿಯ ಮುಂದಿನ ಚಿತ್ರದ ಕಥೆ ಬರೆಯುವ ಕೆಲಸ ಸಿಕ್ಕಿತು. ಚಿತ್ರ ಎರಡು ವಾರ ಓಡಿತು. ಪರದೆಯ ಮೇಲೆ ಅವರ ಪೂರ್ತಿ ಹೆಸರು ಹಾಕಲಿಲ್ಲ. ಹೆಂಗಸು ಬರೆದದ್ದೆಂದರೆ ಗಂಡಸರು ಟಿಕೆಟ್ ಕೊಳ್ಳುವುದಿಲ್ಲವೆಂದು ಬರೀ ಇನಿಷಿಯಲ್ಲು.

ಆಮೇಲೆ ಟೀವಿ. ಮಕ್ಕಳಿಗೆ ಮಾತಾಡುವ ಕತ್ತೆಯ ಕಥೆ, ಹಳ್ಳಿ ಡಾಕ್ಟರನ ಕಥೆ, ಕೊನೆಗೆ ಹದಿನೆಂಟು ವರ್ಷಗಳಿಂದ ಒಬ್ಬ ಮಹಿಳಾ ಇನ್ಸ್‌ಪೆಕ್ಟರಳ ಕಥೆ. ಈ ಇನ್ಸ್‌ಪೆಕ್ಟರಳಿಗೆ ಗಂಡನಿಲ್ಲ, ಬೆನ್ನುನೋವಿದೆ. ಜರ್ಮನಿಯವರಿಗೆ ಅವಳೆಂದರೆ ಪ್ರಾಣವಂತೆ. ಅವಳ ಪಾತ್ರ ಮಾಡುವ ನಟಿ ಬೇಕರಿಗೆ ಬಂದರೆ ಸಾಲಿನವರೆಲ್ಲ ದಾರಿ ಬಿಡುತ್ತಾರೆ. ಅವಳ ಬಾಯಲ್ಲಿ ಬರುವ ಪ್ರತಿ ಮಾತನ್ನೂ ಬರೆದ ಫ್ರಾವ್ ಫೋಗ್ಟ್ ಅದೇ ಸಾಲಿನಲ್ಲಿ ಚೀಟಿ ಹಿಡಿದು ನಿಲ್ಲುತ್ತಾರೆ. ನಮ್ಮಲ್ಲೂ ಅಷ್ಟೇ ಎಂದೆ. ಸಂಜೆಯ ಧಾರಾವಾಹಿಯಲ್ಲಿ ಬರೆದವರ ಹೆಸರು ಬರುವ ಹೊತ್ತಿಗೆ ನಮ್ಮ ಅತ್ತೆ ಕುಕ್ಕರ್ ಇಳಿಸಲು ಏಳುತ್ತಾರೆ.

ಗೋಡೆಯ ಮೇಲಿನ ಕಾರ್ಡುಗಳು

ಕೊಲೆಯ ಕೋಣೆಗೆ ನನ್ನನ್ನು ಬಿಟ್ಟುಕೊಂಡದ್ದು ಪರಿಚಯವಾದ ಮೂರನೆಯ ವಾರ. ಗೋಡೆಯ ತುಂಬ ಪೋಸ್ಟ್‌ಕಾರ್ಡಿನಷ್ಟು ದೊಡ್ಡ ಕಾರ್ಡುಗಳು, ಒಂದೊಂದು ದೃಶ್ಯಕ್ಕೆ ಒಂದೊಂದು. ಹಳದಿಯಲ್ಲಿ ಇನ್ಸ್‌ಪೆಕ್ಟರು, ನೀಲಿಯಲ್ಲಿ ಕೊಲೆಗಾರ್ತಿ. ನಡುವೆ ಒಂದು ಕಡೆ ಕಾರ್ಡಿಲ್ಲದೆ ಬರೀ ಗುಂಡುಸೂಜಿ ಚುಚ್ಚಿತ್ತು.

ಆ ಖಾಲಿ ಜಾಗವೇ ಸಂಕಟ. ಕಥೆ ಹೀಗಿತ್ತು: ಒಬ್ಬ ಶಿಲ್ಪಿ ಸತ್ತುಬಿದ್ದಿದ್ದಾನೆ. ಅವನ ತಲೆಗೆ ಬಡಿದದ್ದು ಅವನೇ ಕೆತ್ತಿದ ಕಲ್ಲಿನ ತಲೆ. ಬಡಿದವಳು ಮೇಲಿನ ಮನೆಯ ವಿಧವೆ, ಅರವತ್ತು ದಾಟಿದವಳು. ಇನ್ಸ್‌ಪೆಕ್ಟರು ಫೋನ್ ಬಂತೆಂದು ಕಾರಿನವರೆಗೆ ಹೋಗಿ ಬರುವ ಹನ್ನೊಂದು ನಿಮಿಷದಲ್ಲಿ ಈ ವಿಧವೆ ಕಲ್ಲನ್ನು ಸೂಟ್‌ಕೇಸಿಗೆ ತುಂಬಿ ಮೆಟ್ಟಿಲಿಳಿದು ಟ್ರಾಮ್ ಹತ್ತಿಬಿಡುತ್ತಾಳೆ. ಚಾನೆಲ್ಲಿಗೆ ಹೊಸದಾಗಿ ಬಂದ ಸಂಪಾದಕ, ಹೆರ್ ಬ್ರಾಂಟ್ ಎಂಬ ಮೂವತ್ತರ ಯುವಕ, ಇದನ್ನು ಎರಡು ಸಲ ವಾಪಸು ಕಳಿಸಿದ್ದ. ಇಪ್ಪತ್ತೆರಡು ಕಿಲೋ ಕಲ್ಲನ್ನು ಅಂಥ ಹೆಂಗಸು ಹೊರಲಾರಳು, ಜನ ನಗುತ್ತಾರೆ ಎಂಬುದು ಅವನ ತಕರಾರು. ಶುಕ್ರವಾರ ಮಧ್ಯಾಹ್ನ ಹನ್ನೆರಡರೊಳಗೆ ಮೂರನೆಯ ಪ್ರತಿ ಸರಿಯಾಗಿ ಬರದಿದ್ದರೆ ಇನ್ಸ್‌ಪೆಕ್ಟರಳನ್ನು ಬರ್ಲಿನ್ನಿನಲ್ಲಿ ಕಥೆ ಬರೆಯುವ ಇಬ್ಬರು ಹುಡುಗರ ಕೈಗೆ ಕೊಡುವುದಾಗಿ ಹೇಳಿದ್ದ.

ಇದನ್ನೆಲ್ಲ ಫ್ರಾವ್ ಫೋಗ್ಟ್ ಕಾಫಿಗೆ ಸಕ್ಕರೆ ಕಲಕುತ್ತ ಹೇಳಿದರು. ಅವರು ಕಾಫಿಗೆ ಸಕ್ಕರೆ ಹಾಕುವುದಿಲ್ಲ. ಆ ದಿನ ಮೂರು ಚಮಚ ಹಾಕಿ ಕಲಕುತ್ತಲೇ ಇದ್ದರು.

"ಆ ಹುಡುಗರು ಅವಳ ಬೆನ್ನುನೋವು ವಾಸಿ ಮಾಡಿಬಿಡುತ್ತಾರೆ," ಎಂದರು. "ಓಡಿಸುತ್ತಾರೆ, ಗೋಡೆ ಹಾರಿಸುತ್ತಾರೆ. ಅವಳು ನನ್ನವಳಾಗಿ ಉಳಿಯುವುದಿಲ್ಲ."

ತಾವೇ ಸೂಟ್‌ಕೇಸ್ ಹೊತ್ತು ನೋಡೋಣವೆಂದರೆ ಅವರ ಮಂಡಿ ಕೆಟ್ಟಿತ್ತು. ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿ, ನಿಮ್ಮ ತೂಕವೆಷ್ಟು ಎಂದು ಕೇಳಿದರು. ನಲವತ್ತೇಳು ಕಿಲೋ ಎಂದೆ. ಅವರ ಮುಖ ಅರಳಿತು. ನನ್ನಂಥ ಕಡ್ಡಿ ಹೊತ್ತರೆ ಆಲೂಗಡ್ಡೆ ತಿಂದು ಬೆಳೆದ ಜರ್ಮನ್ ವಿಧವೆ ಹೊರಲೇಬೇಕು ಎಂಬುದು ಅವರ ಲೆಕ್ಕ.

ನೂರಾ ಮೂವತ್ತು ಮೆಟ್ಟಿಲು

ಬುಧವಾರ ಬೆಳಿಗ್ಗೆ ಇವರು ಆಫೀಸಿಗೆ ಹೋದ ಮೇಲೆ ತಯಾರಿ ನಡೆಯಿತು. ಕಥೆಯ ವಿಧವೆಯ ಸೂಟ್‌ಕೇಸಿಗೆ ಚಕ್ರವಿಲ್ಲ, ಆದ್ದರಿಂದ ನಮ್ಮದಕ್ಕೂ ಇರಕೂಡದು. ಅಟ್ಟದಿಂದ ಹಳೆಯ ಚರ್ಮದ ಪೆಟ್ಟಿಗೆ ಇಳಿಯಿತು. ತುಂಬಲು ಕಲ್ಲಿಲ್ಲ. ನನ್ನ ಮನೆಯಿಂದ ಹತ್ತು ಕಿಲೋ ಬಾಸುಮತಿ, ನಾಲ್ಕು ಕಿಲೋ ತೊಗರಿಬೇಳೆ, ಅವರ ಮನೆಯಿಂದ ಐದು ಕಿಲೋ ಆಲೂಗಡ್ಡೆ. ಇನ್ನೂ ಮೂರು ಕಿಲೋ ಸಾಲದೆ ಬಂತು. ಏಲಕ್ಕಿ ಕುಟ್ಟಲು ಊರಿನಿಂದ ಹೊತ್ತು ತಂದಿದ್ದ ಕಲ್ಲಿನ ಕುಟ್ಟಾಣಿಯನ್ನು, ಉರುಳದಿರಲೆಂದು ಇವರ ಬಿಳಿ ಪಂಚೆಯಲ್ಲಿ ಸುತ್ತಿ ಇಟ್ಟೆ. ತೂಕದ ಕಾಟಾ ಸರಿಯಾಗಿ ಇಪ್ಪತ್ತೆರಡು ತೋರಿಸಿತು.

ಫ್ರಾವ್ ಫೋಗ್ಟ್ ಬಾಲ್ಕನಿಯಲ್ಲಿ ನಾಟಕ ನೋಡುವ ಪುಟ್ಟ ದುರ್ಬೀನು ಮತ್ತು ಸ್ಟಾಪ್‌ವಾಚ್ ಹಿಡಿದು ನಿಂತರು. ನನಗೆ ಎರಡೇ ಸೂಚನೆ: ಓಡಬಾರದು, ಹಿಂದೆ ತಿರುಗಬಾರದು. ಕೊಲೆ ಮಾಡಿದವರು ಹಿಂದೆ ತಿರುಗುವುದಿಲ್ಲವೇ ಎಂದು ಕೇಳಿದೆ. ದಡ್ಡರು ಮಾತ್ರ ತಿರುಗುತ್ತಾರೆ ಎಂದರು.

ಮನೆಯ ಮೆಟ್ಟಿಲನ್ನು ಹೇಗೋ ಇಳಿದೆ. ಹೊರಗಿನ ಕಲ್ಲುಮೆಟ್ಟಿಲಲ್ಲಿ ಮೂವತ್ತಕ್ಕೆ ಬಲಗೈ ಸತ್ತಿತು, ನಲವತ್ತಕ್ಕೆ ಎಡಗೈ. ಐವತ್ತಕ್ಕೆ ಪೆಟ್ಟಿಗೆಯನ್ನು ಕೆಳಗಿಟ್ಟು ಅದರ ಮೇಲೆ ಕೂತೆ. ಸೆರಗು ಜಾರಿತ್ತು, ಕುಂಕುಮ ಮೂಗಿನವರೆಗೆ ಇಳಿದಿತ್ತು. ಹೆರ್ ಬ್ರಾಂಟ್ ಹೇಳಿದ್ದೇ ಸರಿ, ಯಾರೂ ಹೊರಲಾರರು ಎಂದುಕೊಂಡೆ. ಮೇಲೆ ನಿಂತವರ ಹದಿನೆಂಟು ವರ್ಷ ನನ್ನ ತೋಳಿನಲ್ಲಿ ನೇತಾಡುತ್ತಿದೆಯೆಂದು ನೆನಪಾಗಿ ಮತ್ತೆ ಎದ್ದೆ.

ಆಗ ಯಾರೋ ಕೆಳಗಿನಿಂದ ಹತ್ತಿ ಬಂದರು. ಹಸಿರು ಕೋಟು, ಮಣ್ಣುಬಣ್ಣದ ಪ್ಯಾಂಟು, ಕಂಕುಳಲ್ಲಿ ಟೋಪಿ, ತೋಳಿನ ಮೇಲೊಂದು ಬಿಲ್ಲೆ. ಒಂದು ಮಾತೂ ಕೇಳದೆ ಪೆಟ್ಟಿಗೆಯನ್ನು ಹೂವಿನ ಬುಟ್ಟಿಯಂತೆ ಎತ್ತಿ, ಟ್ರಾಮಿಗೋ ಎಂದು ಕೈಸನ್ನೆ ಮಾಡಿ, ದಡದಡ ಇಳಿದೇಬಿಟ್ಟರು. ಹುಬ್ಬಳ್ಳಿ ಸ್ಟೇಶನ್ನಿನಲ್ಲಿ ಹಮಾಲನ ಹಿಂದೆ ಓಡುವಂತೆ ನಾನು ಸೀರೆ ಹಿಡಿದುಕೊಂಡು ಹಿಂದೆ ಓಡಿದೆ.

ಹಸಿರು ಕೋಟು

ನಿಲ್ದಾಣದ ಬೆಂಚಿನ ಮೇಲೆ ಅವರು ಪೆಟ್ಟಿಗೆ ಇಟ್ಟರು. ಬಹಳ ಉಪಕಾರವಾಯಿತೆಂದು ಹೇಳಿ, ಪರ್ಸು ತೆರೆದು, ಒಂದು ಯೂರೋ ಅವರ ಅಂಗೈಯಲ್ಲಿಟ್ಟೆ. ಅವರು ನಾಣ್ಯವನ್ನು ನೋಡಿದರು, ನನ್ನನ್ನು ನೋಡಿದರು, ಹೋಗಲಿಲ್ಲ. ನಮ್ಮಲ್ಲಿ ಹೊತ್ತವನು ದುಡ್ಡು ಹಿಡಿದು ಹೋಗದೆ ನಿಂತರೆ ಅದಕ್ಕೆ ಅರ್ಥ ಒಂದೇ. ಅಷ್ಟು ಮೆಟ್ಟಿಲಿಗೆ ಒಂದು ಕಡಿಮೆಯಾಯಿತೇನೋ ಎಂದು ನಾಚಿಕೆಯಾಗಿ ಇನ್ನೊಂದು ಯೂರೋ ಇಟ್ಟೆ.

"ಮೇಡಂ," ಎಂದರು ಅವರು ನಿಧಾನವಾದ ಇಂಗ್ಲಿಷಿನಲ್ಲಿ, "ನಾನು ಪೊಲೀಸ್."

ನಮ್ಮ ಕಣ್ಣಿಗೆ ಪೊಲೀಸರೆಂದರೆ ಖಾಕಿ. ಹಸಿರು ಕೋಟನ್ನು ನಾನು ಪಾರ್ಕಿನ ಮಾಲಿಯದೋ ರೈಲ್ವೆಯವರದೋ ಅಂದುಕೊಂಡಿದ್ದೆ. ಪೊಲೀಸರ ಕೈಗೆ ದುಡ್ಡು ಇಡುವುದೆಂದರೆ ಆ ದೇಶದಲ್ಲಿ ಏನು ಅರ್ಥವೆಂದು ಇವರು ಮೊದಲ ವಾರವೇ ಪಾಠ ಹೇಳಿದ್ದರು. ಅಂಥದ್ದರಲ್ಲಿ ಒಮ್ಮೆಯಲ್ಲ, ಹೆಚ್ಚು ಬೇಕೇನೋ ಎಂದು ಎರಡು ಸಲ ಇಟ್ಟಿದ್ದೆ.

ದುಡ್ಡು ಏತಕ್ಕೆ ಎಂದು ಕೇಳಿದರು. ಹೊತ್ತದ್ದಕ್ಕೆ ಎಂದೆ. ಪೆಟ್ಟಿಗೆಯಲ್ಲಿ ಏನಿದೆ ಎಂದು ಕೇಳಿದರು.

ಅಕ್ಕಿ ಎಂದಿದ್ದರೆ ಮುಗಿಯುತ್ತಿತ್ತು. ಆದರೆ ಕಾನ್ವೆಂಟಿನಲ್ಲಿ ಸಿಸ್ಟರ್ ಬೆನೆಡಿಕ್ಟಾ ನಮಗೆ ಕಲಿಸಿದ್ದು, ಅರ್ಧ ಸತ್ಯವೂ ಪೂರ್ತಿ ಸುಳ್ಳೇ ಎಂದು. ಸಮವಸ್ತ್ರ ಕಂಡರೆ ನನಗೆ ಇಂದಿಗೂ ಪೂರ್ತಿ ಉತ್ತರ ಕೊಡುವ ಅಭ್ಯಾಸ.

"ಕೊಲೆ ಮಾಡಿದ ಕಲ್ಲು, ಸರ್," ಎಂದೆ. "ಆದರೆ ಸದ್ಯಕ್ಕೆ ಅಕ್ಕಿ."

ಪೆಟ್ಟಿಗೆ ತೆರೆಯಿತು. ಅಕ್ಕಿ, ಬೇಳೆ, ಆಲೂಗಡ್ಡೆ ಹೊರಬಂದವು. ಟ್ರಾಮಿಗೆ ಕಾಯುತ್ತಿದ್ದ ಇಬ್ಬರು ಅಜ್ಜಿಯರು ಕನ್ನಡಕ ಹಾಕಿಕೊಂಡರು. ಕೊನೆಗೆ ಪಂಚೆಯ ಗಂಟು ಬಿಚ್ಚಿದಾಗ ನಿಜವಾಗಿಯೂ ಒಂದು ಕಲ್ಲು ಬಂತು. ಅದರ ಮೇಲೆ ಶುಕ್ರವಾರದ ಪೂಜೆಯ ಕುಂಕುಮ, ಕೆಂಪಗೆ. ಅವರು ಅದನ್ನು ಬೆರಳಿನಿಂದ ಮುಟ್ಟಿ ಮೂಸಿದರು. ಏಲಕ್ಕಿಯ ವಾಸನೆ ಬಂದಿರಬೇಕು, ಮುಖ ಇನ್ನಷ್ಟು ಗೊಂದಲಕ್ಕೊಳಗಾಯಿತು. ಪಾಸ್‌ಪೋರ್ಟ್ ಎಲ್ಲಿ ಎಂದಾಗ ನಾನು ಗುಡ್ಡದ ಮೇಲಕ್ಕೆ ಬೆರಳು ತೋರಿಸಿದೆ. ಬಾಲ್ಕನಿಯಲ್ಲಿ ಫ್ರಾವ್ ಫೋಗ್ಟ್ ಒಂದು ಕೈಯಲ್ಲಿ ದುರ್ಬೀನು ಹಿಡಿದು, ಇನ್ನೊಂದು ಕೈಯಲ್ಲಿ ಸರಸರನೆ ಬರೆದುಕೊಳ್ಳುತ್ತಿದ್ದರು. ನನ್ನನ್ನು ಹಿಡಿದುಕೊಂಡು ಹೋದರೂ ಬರೆಯುವುದನ್ನು ನಿಲ್ಲಿಸುತ್ತಿರಲಿಲ್ಲವೆಂದು ನನ್ನ ನಂಬಿಕೆ.

ಆ ಪೊಲೀಸ್ ಪುಣ್ಯಾತ್ಮ ಎಲ್ಲವನ್ನೂ ಮತ್ತೆ ತುಂಬಿ, ಪೆಟ್ಟಿಗೆಯನ್ನು ನೂರಾ ಮೂವತ್ತು ಮೆಟ್ಟಿಲು ಮೇಲಕ್ಕೂ ಹೊತ್ತರು. ಫ್ರಾವ್ ಫೋಗ್ಟರ ಮನೆಯಲ್ಲಿ ವಿಷಯ ತಿಳಿದ ಮೇಲೆ ನನ್ನನ್ನು ಮರೆತೇಬಿಟ್ಟರು. ಪೊಲೀಸರ ತಾಯಿ ಆ ಇನ್ಸ್‌ಪೆಕ್ಟರಳ ಒಂದು ಕಂತನ್ನೂ ತಪ್ಪಿಸುವುದಿಲ್ಲವಂತೆ. ಮಗನಿಗೆ ಮಾತ್ರ ದೂರುಗಳಿದ್ದವು: ಹದಿನೆಂಟು ವರ್ಷಗಳಲ್ಲಿ ಅವಳು ಒಂದು ವರದಿಯನ್ನೂ ಬರೆದದ್ದು ತೋರಿಸಿಲ್ಲ, ಪೊಲೀಸರ ಕೆಲಸದ ಮುಕ್ಕಾಲು ಪಾಲು ಅದೇ. ಫ್ರಾವ್ ಫೋಗ್ಟ್ ತಲೆ ತಗ್ಗಿಸಿ ಬರೆದುಕೊಂಡರು. ಹೊರಡುವಾಗ ಪೊಲೀಸರು ಎರಡು ಯೂರೋಗಳನ್ನೂ ಮೇಜಿನ ಮೇಲೆ ಸಾಲಾಗಿ ಇಟ್ಟು, ವಾಪಸು ಕೊಟ್ಟಿದ್ದೇನೆ, ಇಬ್ಬರೂ ನೋಡಿದ್ದೀರಿ ಎಂದು ಹೇಳಿ ಹೋದರು.

ಸಂಜೆ ಊಟಕ್ಕೆ ಬಡಿಸುತ್ತ ಇವರಿಗೆ ಹೇಳಿದೆ. ಚಪಾತಿ ಕೈಯಲ್ಲೇ ನಿಂತಿತು.

"ಪೊಲೀಸಗ ರೊಕ್ಕಾ ಕೊಟ್ಟಿ? ಅದೂ ಎರಡೆರಡ ಸಲ? ನನ್ನ ಗ್ರೀನ್ ಕಾರ್ಡ್ ಕೆಂಪ ಆಗ್ತಿತ್ತಲ್ಲ ವತ್ಸಲಾ."

"ಅವರು ಹೋಗಲಿಲ್ಲರೀ. ಕಡಿಮಿ ಆತೇನೋ ಅನಿಸ್ತು."

 ಅವರಿಗೆ ನಗು ಹತ್ತಿ ಸಾರು ನೆತ್ತಿಗೇರಿ, ನಾನು ಬೆನ್ನು ತಟ್ಟಬೇಕಾಯಿತು. ಮರುದಿನ ಆಫೀಸಿನಲ್ಲಿ ಅವರ ಜೊತೆಯ ಕನ್ನಡದ ಹುಡುಗರಿಗೆಲ್ಲ ಇದು ಗೊತ್ತಾಗಿತ್ತು.

ಶುಕ್ರವಾರ

ಗುರುವಾರ ನಾಲ್ಕಕ್ಕೆ ಕಾಫಿ ಇರಲಿಲ್ಲ. ಕೆಳಗಿನಿಂದ ಟಕಟಕ ಸದ್ದು ಮಾತ್ರ ಬರುತ್ತಿತ್ತು. ಶುಕ್ರವಾರ ಬೆಳಿಗ್ಗೆ ಫ್ಯಾಕ್ಸ್ ಯಂತ್ರ ಕಿರುಗುಟ್ಟಿತು. ಹನ್ನೊಂದಕ್ಕೆ ನನ್ನನ್ನು ಕರೆದು ಫೋನಿನ ಎದುರಿನ ಕುರ್ಚಿಯಲ್ಲಿ ಕೂರಿಸಿದರು. ನಾನೇಕೆ ಬೇಕು ಎಂದು ಕೇಳಲಿಲ್ಲ. ಪರೀಕ್ಷೆಯ ಫಲಿತಾಂಶ ಒಬ್ಬರೇ ನೋಡಲು ಯಾರಿಗೆ ತಾನೇ ಧೈರ್ಯ?

ಹೊಸ ದೃಶ್ಯವನ್ನು ನನಗೆ ಇಂಗ್ಲಿಷಿನಲ್ಲಿ ಓದಿ ಹೇಳಿದರು. ವಿಧವೆ ಐವತ್ತನೆಯ ಮೆಟ್ಟಿಲಲ್ಲಿ ಸೋಲುತ್ತಾಳೆ. ಇನ್ಸ್‌ಪೆಕ್ಟರಳ ಸಹಾಯಕ ಪೊಲೀಸನೇ ಬಂದು ಕೊಲೆಯ ಕಲ್ಲನ್ನು ಹೊತ್ತು ಟ್ರಾಮಿಗೆ ಮುಟ್ಟಿಸುತ್ತಾನೆ. ವಿಧವೆ ಅವನ ಕೈಗೆ ಒಂದು ನಾಣ್ಯ ಇಡುತ್ತಾಳೆ. ಅವನು ನಗುತ್ತಾನೆ, ಪಾಪ ಅಜ್ಜಿಗೆ ಅರುಳುಮರುಳು ಎಂದುಕೊಂಡು ಪೆಟ್ಟಿಗೆಯತ್ತ ಕಣ್ಣು ಹಾಯಿಸದೆ ಹೊರಟುಹೋಗುತ್ತಾನೆ.

ಹೆರ್ ಬ್ರಾಂಟನ ಫೋನ್ ಬಂದದ್ದು ಹನ್ನೊಂದೂ ಮುಕ್ಕಾಲಿಗೆ. ಫ್ರಾವ್ ಫೋಗ್ಟ್ ನಿಂತೇ ಮಾತಾಡಿದರು. ನನಗೆ ಜರ್ಮನ್ ಬರುವುದಿಲ್ಲ, ಅವರ ಕುತ್ತಿಗೆಯನ್ನು ನೋಡುತ್ತಿದ್ದೆ. ಮೊದಲು ಅದು ಸಡಿಲಾಯಿತು. ಆಮೇಲೆ ಕೆಂಪಾಯಿತು. ಫೋನಿನ ಬಾಯಿಗೆ ಕೈ ಅಡ್ಡ ಹಿಡಿದು ನನಗೆ ಹೇಳಿದರು: ಪೊಲೀಸ್ ಹೊರುವುದು ಅವನಿಗೆ ಬಹಳ ಹಿಡಿಸಿದೆ. ನಾಣ್ಯ ಮಾತ್ರ ತೆಗೆಯಬೇಕಂತೆ. ಪೊಲೀಸರಿಗೆ ಯಾರೂ ಹಾಗೆ ಕೊಡುವುದಿಲ್ಲವಂತೆ.

ತೆಗೆದುಬಿಡಿ ಎಂದು ನಾನು ಪಿಸುಗುಟ್ಟಿದೆ. ಒಂದು ನಾಣ್ಯಕ್ಕಾಗಿ ಇನ್ಸ್‌ಪೆಕ್ಟರಳನ್ನೇ ಕಳೆದುಕೊಳ್ಳುವುದೇ?

"ನಲವತ್ತು ವರ್ಷ ತೆಗೆದುಬಿಡಿ ಅಂದದ್ದನ್ನೆಲ್ಲ ತೆಗೆದಿದ್ದೇನೆ," ಎಂದರು ಅವರು. "ಇದನ್ನು ತೆಗೆಯುವುದಿಲ್ಲ."

ಅದನ್ನೇ ಫೋನಿಗೂ ಹೇಳಿದರು ಎಂದು ಅವರ ದನಿಯಿಂದ ಗೊತ್ತಾಯಿತು. ನನ್ನ ಕಡೆ ಬೆರಳು ತೋರಿಸಿ ಇನ್ನೇನೋ ಹೇಳಿದರು. ಗೋಡೆಯ ಗಡಿಯಾರದಲ್ಲಿ ಹನ್ನೆರಡಕ್ಕೆ ಒಂಬತ್ತು ನಿಮಿಷ. ಇದ್ದಕ್ಕಿದ್ದಂತೆ ರಿಸೀವರ್ ನನ್ನ ಕೈಗೆ ಬಂತು.

ಹೆರ್ ಬ್ರಾಂಟ್ ಒಳ್ಳೆಯ ಇಂಗ್ಲಿಷಿನಲ್ಲಿ, ಇದು ನಿಜವಾಗಿ ನಡೆದದ್ದೇ, ನಡೆದಿದ್ದರೂ ಅಂಥ ಅಪಾಯದಲ್ಲಿರುವ ಹೆಂಗಸು ನಾಣ್ಯ ಕೊಡಲು ನಿಲ್ಲುತ್ತಾಳೆಯೇ ಎಂದು ಕೇಳಿದ. ಶಾಲೆಯಲ್ಲಿ ಎದ್ದು ನಿಂತು ಉತ್ತರ ಕೊಡುವಂತೆ ನಾನು ಕುರ್ಚಿಯಿಂದ ಎದ್ದೆ.

"ನಮ್ಮ ಭಾರ ಹೊತ್ತವರನ್ನು ಬರಿಗೈಯಲ್ಲಿ ಕಳಿಸಿದರೆ ಮನಸ್ಸಿಗೆ ಸಮಾಧಾನ ಇರುವುದಿಲ್ಲ, ಸರ್," ಎಂದೆ. "ಕೊಲೆ ಮಾಡಿದವಳಿಗಾದರೂ ಅಷ್ಟು ಗೊತ್ತಿರುತ್ತದೆ."

ಅವನು ಏನೂ ಹೇಳಲಿಲ್ಲ. ಸಾಲದೆ ಬಂತೇನೋ ಎಂದುಕೊಂಡು, ಅವರು ಹೋಗದೆ ನಿಂತದ್ದನ್ನೂ ಇನ್ನೊಂದು ಯೂರೋ ಇಟ್ಟದ್ದನ್ನೂ ಹೇಳಿದೆ. ಆ ಕಡೆಯಿಂದ ಕುರ್ಚಿ ಹಿಂದಕ್ಕೆ ಸರಿದ ಸದ್ದು, ಆಮೇಲೆ ಒಂದು ನಗು. ಅದು ನಿಲ್ಲುವವರೆಗೆ ಕಾದೆ. ಎರಡನೆಯ ನಾಣ್ಯ ಚಿತ್ರಕಥೆಯಲ್ಲಿ ಏಕಿಲ್ಲ ಎಂದು ಕೇಳಿದ. ನಾನು ಫ್ರಾವ್ ಫೋಗ್ಟರನ್ನು ಕೇಳಿದೆ. ಯಾರೂ ನಂಬುವುದಿಲ್ಲವೆಂದು ಬಿಟ್ಟೆ ಎಂದರು.

"ಅದನ್ನೂ ಸೇರಿಸಲು ಹೇಳಿ," ಎಂದ ಹೆರ್ ಬ್ರಾಂಟ್. "ಮುಂದಿನ ಕಥೆಯನ್ನು ಅಕ್ಟೋಬರಿನೊಳಗೆ ಕಳಿಸಲು ಹೇಳಿ."

ಹೇಳಿದೆ. ಫ್ರಾವ್ ಫೋಗ್ಟ್ ರಿಸೀವರ್ ತೆಗೆದುಕೊಂಡು ಜಾಗದಲ್ಲಿಟ್ಟರು, ಹೊರಗೆ ಹೋಗಿ ಕಟ್ಟಡದ ಮೆಟ್ಟಿಲ ಮೇಲೆ, ಯಾರು ನೋಡುತ್ತಾರೆಂಬ ಪರಿವೆಯಿಲ್ಲದೆ ಕೂತುಬಿಟ್ಟರು. ನಾನೂ ಪಕ್ಕದಲ್ಲಿ ಕೂತೆ. ಅವರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು, ಮೂಗು ಒರೆಸಿಕೊಂಡರು, ಮತ್ತೆ ಕನ್ನಡಕ ಹಾಕಿಕೊಂಡರು. ಆಮೇಲೆ ಜೇಬಿನಿಂದ ಪುಸ್ತಕ ತೆಗೆದು, ಹೊಸ ಹಾಳೆ ತಿರುವಿ, ಪೆನ್ಸಿಲನ್ನು ನಾಲಿಗೆಗೆ ತಾಗಿಸಿ ನನ್ನ ಕಡೆ ತಿರುಗಿದರು.

"ಮುಂದಿನದರಲ್ಲಿ ವಿಷ ಹಾಕಬೇಕೆಂದಿದ್ದೇನೆ," ಎಂದರು. "ಶನಿವಾರ ನಿಮ್ಮ ಮನೆಯಲ್ಲಿ ಏನು ಅಡುಗೆ, ಫ್ರಾವ್ ಕುಲಕರ್ಣಿ?"